ಬ್ಯಾರಲ್ಲಿಗೂ ಬಂದ ಶ್ರುತಿ

ಮೂಡಿಗೆರೆ, ಕಳಸದ ಕಡೆ ಜಾತ್ರೆಯ ಮೆರವಣಿಗೆಯಲ್ಲಿ ಕೇಳುವ ಚೆಂಡೆಗೂ ಅದೇ ಊರಿನ ಗದ್ದೆಯ ಯಕ್ಷಗಾನ ಬಯಲಾಟದಲ್ಲಿ ಕೇಳುವ ಚೆಂಡೆಗೂ ಈಗ ದನಿ ಬೇರೆಯಾಗಿದೆ. ಮೆರವಣಿಗೆಯ ಚೆಂಡೆಗಳಲ್ಲಿ ಹಲವಕ್ಕೆ ಚರ್ಮ ಹೋಗಿ ಫೈಬರ್ ಹಾಳೆ ಬಂದಿದೆ. ಇದರ ಬಗ್ಗೆ ನಮ್ಮಲ್ಲಿ ನಡೆಯುವ ಚರ್ಚೆ ಎರಡೇ ಮಾತಿನಲ್ಲಿ ಮುಗಿಯುತ್ತದೆ. ಪರಂಪರೆ ಕೆಟ್ಟಿತು ಎನ್ನುವವರು ಒಂದು ಕಡೆ, ನಮ್ಮ ಮಳೆಗೆ ಚರ್ಮ ಎಲ್ಲಿ ನಿಲ್ಲುತ್ತದೆ ಮಾರಾಯ್ರೆ ಎನ್ನುವವರು ಇನ್ನೊಂದು ಕಡೆ. ವಾದ್ಯ ಕಟ್ಟುವವರ ಜಗಲಿಯಲ್ಲಿ ಒಂದಷ್ಟು ಹೊತ್ತು ಕೂತರೆ ಈ ಎರಡೂ ಮಾತು ಸಾಲದು ಅನಿಸುತ್ತದೆ. ಹೊಸ ವಸ್ತು ಬಂದಾಗ ಕೇಳಬೇಕಾದ ಪ್ರಶ್ನೆ ಒಂದೇ: ಅದನ್ನು ನಾದಕ್ಕೆ ಹದ ಮಾಡಿದವರು ಯಾರು? ಫೈಬರ್ ಚೆಂಡೆಯ ವಿಷಯದಲ್ಲಿ ಈ ಪ್ರಶ್ನೆಗೆ ಉತ್ತರ ಸಿಗುವುದಿಲ್ಲ. ನನ್ನ ತಕರಾರು ಅಷ್ಟೇ.

ಹದ ಎಂದರೇನು ಎಂದು ತಿಳಿಯಲು ಯಕ್ಷಗಾನದ ಮದ್ದಳೆಗೆ ಮುಚ್ಚಿಗೆ, ಅಂದರೆ ಬಾರಿಸುವ ಚರ್ಮದ ಮುಖ, ಹಾಕುವುದನ್ನು ನೋಡಬೇಕು. ಘಟ್ಟದ ಮೇಲಿನ ಹಿಮ್ಮೇಳದವರು ಇದಕ್ಕಾಗಿ ಕೊಟ್ಟಿಗೆಹಾರದಿಂದ ಚಾರ್ಮಾಡಿ ಇಳಿದು ಹೋಗುವುದುಂಟು, ಕುದುರೆಮುಖದ ದಾರಿಯಲ್ಲಿ ಕಾರ್ಕಳದ ಕಡೆಗೆ ಹೋಗುವುದೂ ಉಂಟು. ಅಲ್ಲಿ ಕೂತವರಿಗೆ ಮೊದಲು ನಿರಾಸೆಯೇ ಆಗುತ್ತದೆ. ನೆನೆಹಾಕಿದ ಚರ್ಮದ ವಾಸನೆ, ಕೂದಲು ಹೆರೆಯುವ ಸದ್ದು, ಬಾರು ಬಿಗಿಯುವ ಕೈ, ಇಷ್ಟೇ. ಕಡೆದ ಹಲಸಿನ ಒಡಲು ಮೂಲೆಯಲ್ಲಿ ತೆಪ್ಪಗೆ ನಿಂತಿರುತ್ತದೆ. ನಿಜವಾದ ಕೆಲಸ ಶುರುವಾಗುವುದು ಕರಣೆ ಹಾಕುವಾಗ.

ಕಬ್ಬಿಣದ ಕಿಟ್ಟದ ನುಣ್ಣನೆಯ ಪುಡಿಯನ್ನು ಅನ್ನದ ಅಂಟಿನಲ್ಲಿ ಕಲಸಿ, ಬಲಮುಚ್ಚಿಗೆಯ ನಡುವೆ ತೆಳುವಾಗಿ ಸವರಿ, ನುಣುಪಾದ ಕಲ್ಲಿನಿಂದ ಉಜ್ಜುತ್ತಾರೆ. ಅದು ಒಣಗಬೇಕು. ಆಮೇಲೆ ಇನ್ನೊಂದು ಪದರ, ಮತ್ತೆ ಉಜ್ಜುವುದು. ಪದರದಿಂದ ಪದರಕ್ಕೆ ವೃತ್ತ ಕಿರಿದಾಗುತ್ತ ನಡುವೆ ದಪ್ಪವಾಗುತ್ತದೆ. ಉಜ್ಜಿದಂತೆಲ್ಲ ಕರಣೆಯ ಮೈಯಲ್ಲಿ ಕೂದಲೆಳೆಯಂಥ ಬಿರುಕುಗಳು ಏಳುತ್ತವೆ. ನೋಡುವವರಿಗೆ ಕೆಲಸ ಕೆಟ್ಟಂತೆ ಕಂಡರೂ ವಾದ್ಯ ಉಳಿಯುವುದು ಆ ಬಿರುಕುಗಳಿಂದಲೇ. ಅವಿಲ್ಲದಿದ್ದರೆ ಕರಣೆ ಗಟ್ಟಿ ಬಿಲ್ಲೆಯಾಗಿ ಚರ್ಮವನ್ನು ಅಲುಗಾಡಲು ಬಿಡದು. ಪದರಗಳ ನಡುವೆ ಕೆಲಸಗಾರರು ಬೆರಳಿನಿಂದ ತಟ್ಟಿ ಕೇಳುತ್ತಾರೆ. ಹಸಿಯಿರುವಾಗ ಕೇಳಿದ ಶ್ರುತಿಯನ್ನು ನಂಬುವಂತಿಲ್ಲ, ಒಣಗುವವರೆಗೆ ಕಾಯಬೇಕು. ಒಂದು ಪದರ ಹೆಚ್ಚಾದರೆ ಶ್ರುತಿ ಇಳಿಯುತ್ತದೆ, ಕಡಿಮೆಯಾದರೆ ದನಿಗೆ ತೂಕವಿರುವುದಿಲ್ಲ. ಎಲ್ಲಿ ನಿಲ್ಲಿಸಬೇಕೆಂದು ಹೇಳುವ ಅಳತೆಗೋಲು ಅವರ ಕಿವಿಯೊಂದೇ.

ಆ ಕಿವಿ ಮಾಡುತ್ತಿದ್ದ ಲೆಕ್ಕ ಎಂಥದ್ದೆಂದು ಜಗತ್ತಿಗೆ ತೋರಿಸಿದವರು ಸಿ. ವಿ. ರಾಮನ್. ಬರೀ ಚರ್ಮವನ್ನು ದುಂಡನೆಯ ಚೌಕಟ್ಟಿಗೆ ಬಿಗಿದು ಬಡಿದರೆ ಮೂಲಸ್ವರದ ಜೊತೆ ಏಳುವ ಉಪಸ್ವರಗಳ ಕಂಪನ ಅದರ 1.59 ಪಟ್ಟು, 2.14 ಪಟ್ಟು, ಹೀಗೆ ಒಂದಕ್ಕೊಂದು ಹೊಂದದ ಅನುಪಾತದಲ್ಲಿರುತ್ತದೆ. ಅದಕ್ಕೇ ಅದು ಬರೀ ಸದ್ದಾಗಿ ಕೇಳುತ್ತದೆ. ನಡುವೆ ಕರಣೆಯ ಭಾರ ಕೂತ ಮೃದಂಗದಲ್ಲಿ ಈ ಉಪಸ್ವರಗಳು 2, 3, 4, 5 ಎಂಬ ಪೂರ್ಣಾಂಕಗಳ ಸಾಲಿಗೆ ಬಂದು ನಿಲ್ಲುತ್ತವೆ, ತಂತಿವಾದ್ಯದಲ್ಲಿ ಆಗುವ ಹಾಗೆಯೇ. ರಾಮನ್ ಮತ್ತು ಶಿವಕಾಳಿ ಕುಮಾರ್ ಇದನ್ನು 1920ರಲ್ಲಿ ‘ನೇಚರ್’ ಪತ್ರಿಕೆಯಲ್ಲಿ ಪ್ರಕಟಿಸಿದರು. ಬೆಂಗಳೂರಿಗೆ ಬಂದ ಮೇಲೆ, 1934ರಲ್ಲಿ ಅಲ್ಲಿ ಸ್ಥಾಪನೆಯಾದ ಭಾರತೀಯ ವಿಜ್ಞಾನ ಅಕಾಡೆಮಿಯ ಪತ್ರಿಕೆಯ ಮೊದಲ ಸಂಪುಟದಲ್ಲೇ ರಾಮನ್ ಇದನ್ನು ವಿಸ್ತರಿಸಿ ಬರೆದರು: ಮುಚ್ಚಿಗೆಯ ಒಂಬತ್ತು ಬಗೆಯ ಕಂಪನಗಳು ಸೇರಿ ಐದೇ ಸ್ವರಗಳಾಗುತ್ತವೆ ಎಂದು. ಕರಣೆ ಹಾಕಿಸಿಕೊಳ್ಳುವ ಮದ್ದಳೆಯೂ ಇದೇ ಕುಲದ್ದು. ಭಾಗವತರ ಶ್ರುತಿಗೆ ಅದು ಕೂಡಿಬರುವುದು ಈ ಕಾರಣಕ್ಕೆ.

ಕರಣೆಯಿಲ್ಲದ ಚೆಂಡೆಗೆ ಈ ಲೆಕ್ಕ ನೇರವಾಗಿ ಹೊಂದುವುದಿಲ್ಲ ಎಂಬುದನ್ನೂ ಹೇಳಬೇಕು. ಅಲ್ಲಿ ಚರ್ಮದ ದಪ್ಪ, ಬಿಗಿತ, ಒಡಲಿನ ಮರ ಮೂರೂ ಸೇರಿ ನಾದ ಕಟ್ಟುತ್ತವೆ. ಕ್ರಮ ಮಾತ್ರ ಅದೇ: ಆರಿಸುವುದು, ಕೇಳುವುದು, ತಿದ್ದುವುದು, ಮತ್ತೆ ಕೇಳುವುದು.

ಹೊಸ ವಸ್ತುವಿಗೂ ಈ ಕ್ರಮ ಸಾಧ್ಯವೇ? ಸಾಧ್ಯವೆಂದು ತೋರಿಸಿದ್ದು ಕೆರಿಬಿಯನ್ ದ್ವೀಪ ಟ್ರಿನಿಡಾಡ್. ಅಲ್ಲಿ ಗುಲಾಮರ ಸಂತತಿಯವರ ಚರ್ಮವಾದ್ಯಗಳನ್ನು ಬ್ರಿಟಿಷ್ ಆಡಳಿತ 1884ರಲ್ಲಿ ಕಾನೂನು ತಂದು ಹತ್ತಿಕ್ಕಿತು. ಜನ ಬಿದಿರಿನ ಗಳು ಕುಟ್ಟಿ ತಾಳ ಹಿಡಿದರು. 1930ರ ದಶಕದ ಹೊತ್ತಿಗೆ ತಗಡಿನ ಡಬ್ಬ, ಕಸದ ತೊಟ್ಟಿಯ ಮುಚ್ಚಳ ಕೈಗೆ ಬಂದವು, ಆಮೇಲೆ ಎಣ್ಣೆಯ ಬ್ಯಾರಲ್. ನಮ್ಮ ತೋಟಗಳಲ್ಲಿ ಬೋರ್ಡೋ ದ್ರಾವಣ ಕಲಸುವ 200 ಲೀಟರಿನ ಬ್ಯಾರಲ್ಲಿನಷ್ಟೇ ಅದರ ಅಳತೆ. ಬೋರ್ಡೋದ ಮೈಲುತುತ್ತ ಕಬ್ಬಿಣವನ್ನು ತಿನ್ನುವುದರಿಂದ ನಮಗೆ ಪ್ಲಾಸ್ಟಿಕ್ಕಿನದು ಬೇಕು, ಅವರದು ಉಕ್ಕಿನದು.

ಆ ಬ್ಯಾರಲ್ ‘ಸ್ಟೀಲ್‌ಪ್ಯಾನ್’ ಎಂಬ ವಾದ್ಯವಾಗುವ ಕ್ರಮ ಕರಣೆಯ ಕೆಲಸದಷ್ಟೇ ನಿಧಾನದ್ದು. ಬ್ಯಾರಲ್ಲಿನ ತಳವನ್ನು ಸುತ್ತಿಗೆಯಿಂದ ಬಡಿದು ಬಡಿದು ಬೋಗುಣಿಯಂತೆ ಒಳಕ್ಕೆ ತಗ್ಗಿಸುತ್ತಾರೆ. ಉಕ್ಕು ಹರಿಯದೆ ತೆಳುವಾಗಬೇಕು. ಒಂದೊಂದು ಸ್ವರಕ್ಕೂ ಜಾಗ ಗುರುತಿಸಿ, ಅದರ ಸುತ್ತ ಗೆರೆ ಹೊಡೆಯುತ್ತಾರೆ. ಮೇಲಿನ ಸ್ವರಗಳ ಪ್ಯಾನಿಗೆ ಬ್ಯಾರಲ್ಲಿನ ಪಕ್ಕವನ್ನು ಗಿಡ್ಡವಾಗಿ ಕೊಯ್ಯುತ್ತಾರೆ, ಮಂದ್ರಕ್ಕೆ ಹೆಚ್ಚುಕಡಿಮೆ ಇಡೀ ಬ್ಯಾರಲ್ಲನ್ನೇ ಉಳಿಸಿಕೊಳ್ಳುತ್ತಾರೆ. ಆಮೇಲೆ ಬೆಂಕಿಯಲ್ಲಿ ಕಾಯಿಸಿ, ಸಣ್ಣ ಸುತ್ತಿಗೆ ಹಿಡಿದು ಶ್ರುತಿ ಮಾಡಲು ಕೂರುತ್ತಾರೆ. ಮೂಲಸ್ವರ ಬಂದರೆ ಸಾಲದು. ಅದೇ ಜಾಗದಲ್ಲಿ ಅದರ ತಾರಷಡ್ಜವೂ ಮೂರು ಪಟ್ಟಿನ ಉಪಸ್ವರವೂ ಕೂಡಿಬರಬೇಕು. ಒಂದು ಸ್ವರವನ್ನು ಸರಿಮಾಡಿದರೆ ಪಕ್ಕದ್ದು ಕದಲುತ್ತದೆ, ಮತ್ತೆ ಅದರ ಬೆನ್ನುಹತ್ತಬೇಕು. ರಾಮನ್ ಮೃದಂಗದಲ್ಲಿ ಕಂಡ ಪೂರ್ಣಾಂಕಗಳ ಸಾಲನ್ನೇ ಇವರು ಉಕ್ಕಿನಲ್ಲಿ ಸುತ್ತಿಗೆಯಿಂದ ಹುಡುಕಿದ್ದರು. ಎಲಿ ಮ್ಯಾನೆಟ್, ಆಂಥನಿ ವಿಲಿಯಮ್ಸ್, ಬರ್ಟಿ ಮಾರ್ಷಲ್ ಎಂಬ ಶ್ರುತಿಗಾರರ ಹೆಸರುಗಳು ಆ ದೇಶದಲ್ಲಿ ಮನೆಮಾತು. 1951ರಲ್ಲಿ ಲಂಡನ್ನಿನ ಉತ್ಸವದಲ್ಲಿ ನುಡಿಸಿದ ಈ ವಾದ್ಯ 1992ರಲ್ಲಿ ರಾಷ್ಟ್ರವಾದ್ಯವಾಯಿತು.

ಅಲ್ಲಿ ಉಕ್ಕು ಬಂದಿತೆಂದು ಚರ್ಮ ಅಳಿಯಲಿಲ್ಲ. 1845ರಿಂದ ಕಬ್ಬಿನ ತೋಟಗಳಿಗೆ ಕೂಲಿಗೆಂದು ಹೋದ ಭಾರತೀಯರ ತಾಸೆ ಎಂಬ ವಾದ್ಯ ಆಡಿನ ಚರ್ಮದ ಮುಚ್ಚಿಗೆಯೊಂದಿಗೆ ಇಂದಿಗೂ ಅಲ್ಲಿ ಬಳಕೆಯಲ್ಲಿದೆ. ನಮ್ಮವರು ತಮಟೆಯನ್ನು ಬೆಂಕಿಗೆ ಹಿಡಿದಂತೆ ಅವರೂ ತಾಸೆಯನ್ನು ಬೆಂಕಿಗೆ ಹಿಡಿದು ಬಿಗಿ ತರುತ್ತಾರೆ. ಉಕ್ಕಿಗೆ ಅದರದೇ ನಾದ ದಕ್ಕಿದ್ದರಿಂದ ಚರ್ಮದ ಜಾಗ ಕಸಿಯುವ ಅಗತ್ಯ ಬೀಳಲಿಲ್ಲ.

ಈಗ ನಮ್ಮ ಫೈಬರ್ ಚೆಂಡೆಗೆ ಬರೋಣ. ಅದರ ಪರವಾಗಿ ಹೇಳಬೇಕಾದ್ದು ಸಾಕಷ್ಟಿದೆ. ಮಲೆನಾಡಿನ ಥಂಡಿ ಚರ್ಮವನ್ನು ಸಡಿಲಿಸುತ್ತದೆ. ದೀಪಾವಳಿಯ ಆಸುಪಾಸು ಹೊರಟ ಮೇಳಗಳು ಮಳೆಗಾಲಕ್ಕೆ ಮುಂಚೆ ಪತ್ತನಾಜೆಯಂದು ಗೆಜ್ಜೆ ಬಿಚ್ಚುವುದಕ್ಕೆ ಗದ್ದೆ ಕೆಸರಾಗುವುದಷ್ಟೇ ಕಾರಣವಲ್ಲ, ವಾದ್ಯಗಳಿಗೂ ಅದು ಕಷ್ಟಕಾಲ. ಮಳೆಗಾಲದ ತಾಳಮದ್ದಳೆಯಲ್ಲಿ ಮದ್ದಳೆಗಾರರು ಪ್ರಸಂಗದ ನಡುನಡುವೆ ಶ್ರುತಿಯ ಜೊತೆ ಗುದ್ದಾಡುವುದನ್ನು ಎಲ್ಲರೂ ನೋಡಿದ್ದೇವೆ. ಚರ್ಮದ ಪ್ರಶ್ನೆಯೂ ಸರಳವಲ್ಲ. ಮೃದಂಗಕ್ಕೆ ಹಸು, ಎಮ್ಮೆ, ಆಡು ಮೂರರ ಚರ್ಮವೂ ಬೇಕು, ಕರ್ನಾಟಕದಲ್ಲಿ 2020ರ ಕಾಯ್ದೆಯ ನಂತರ ದನದ ಹತ್ಯೆಗೆ ಬಿಗಿ ನಿಷೇಧವಿದೆ. ಚರ್ಮ ಮುಟ್ಟುವ ಕೆಲಸಕ್ಕೆ ಅಂಟಿದ ಜಾತಿಯ ಕಳಂಕ ಬೇಡವೆಂದು ಮುಂದಿನ ತಲೆಮಾರು ಎದ್ದು ಹೋದರೆ ಅವರನ್ನು ಯಾವ ಬಾಯಲ್ಲಿ ತಡೆಯುವುದು?

ಇಷ್ಟೆಲ್ಲ ಒಪ್ಪಿದ ಮೇಲೂ ಕಿವಿ ಕೇಳುವುದನ್ನು ಹೇಳಲೇಬೇಕು. ಫೈಬರಿನ ಪೆಟ್ಟಿನಲ್ಲಿ ಚುರುಕಿದೆ, ಒಡಲಿಲ್ಲ. ಅಂಚಿಗೆ ಹೊಡೆದದ್ದಕ್ಕೂ ನಡುವಿಗೆ ಹೊಡೆದದ್ದಕ್ಕೂ ಅಂತರ ತೀರಾ ಕಡಿಮೆ. ಒಳ್ಳೆಯ ಚೆಂಡೆಗಾರರ ಉರುಳಿಕೆಯಲ್ಲಿ ಪೆಟ್ಟುಗಳು ಬಿಡಿಬಿಡಿಯಾಗಿ ಕೇಳುತ್ತಲೇ ಒಂದಾಗುತ್ತವೆ. ಇಲ್ಲಿ ಅವು ಕಲಸಿಹೋಗುತ್ತವೆ. ಈ ಕೊರತೆಯನ್ನು ಸಂಖ್ಯೆಯಿಂದ, ತೋಳಿನ ಬಲದಿಂದ, ಧ್ವನಿವರ್ಧಕದಿಂದ ತುಂಬಿಸುವ ರೂಢಿ ಬೆಳೆದಿದೆ. ಒಂದರ ಜಾಗದಲ್ಲಿ ಹತ್ತು ಚೆಂಡೆ ನಿಂತರೆ ಗದ್ದಲ ಹತ್ತು ಪಟ್ಟಾಗುತ್ತದೆ, ನಾದ ಇದ್ದಲ್ಲೇ ಇರುತ್ತದೆ. ಹಾಳೆ ಕಾರ್ಖಾನೆಯಿಂದ ಬಂತು, ಬಿಗಿದರು, ಬಡಿದರು. ನಡುವೆ ಯಾರೂ ಕೂತು ಕೇಳಲಿಲ್ಲ, ತಿದ್ದಲಿಲ್ಲ. ಟ್ರಿನಿಡಾಡಿನವರು ಬ್ಯಾರಲ್ಲನ್ನು ತಂದ ಹಾಗೇ ಬಾರಿಸಿ ತೃಪ್ತರಾಗಿದ್ದರೆ ಅದು ಬ್ಯಾರಲ್ಲಾಗಿಯೇ ಉಳಿಯುತ್ತಿತ್ತು.

ಹೊಸ ವಸ್ತುವನ್ನು ಹದಕ್ಕೆ ತರುವುದು ನಮ್ಮವರಿಂದ ಆಗದ ಕೆಲಸವೇನೂ ಅಲ್ಲ. ಬೆಂಗಳೂರಿನಲ್ಲಿ ಸಂಗೀತವನ್ನೂ ಎಂಜಿನಿಯರಿಂಗನ್ನೂ ಬಲ್ಲ ಡಾ. ಕೆ. ವರದರಂಗನ್ ಅವರು ಚರ್ಮವಿಲ್ಲದ ಮೃದಂಗವನ್ನು ರೂಪಿಸಿದ್ದಾರೆ. ಅವರು ಚರ್ಮ ತೆಗೆದು ಹಾಳೆ ಬಿಗಿದು ಕೈತೊಳೆದುಕೊಳ್ಳಲಿಲ್ಲ, ಕರಣೆ ಮಾಡುವ ಕೆಲಸವನ್ನು ಹೊಸ ವಸ್ತುವಿನಿಂದಲೂ ಮಾಡಿಸಲು ಹೊರಟರು. ಆ ನಾದ ಚರ್ಮದ್ದಕ್ಕೆ ಸಮವೇ ಎಂದು ವಿದ್ವಾಂಸರು ವಾದಿಸಲಿ. ವಾದಿಸುವಷ್ಟು ಹತ್ತಿರ ಬಂದಿದೆ ಎಂಬುದೇ ದೊಡ್ಡ ಮಾತು. ಮೆರವಣಿಗೆಯ ಫೈಬರ್ ಚೆಂಡೆಯ ಬಗ್ಗೆ ಅಂಥ ವಾದಕ್ಕೂ ಆಸ್ಪದವಿಲ್ಲ. ಬಯಲುಸೀಮೆಯತ್ತ, ಕಡೂರು ತರೀಕೆರೆ ಕಡೆ ಡೊಳ್ಳು ಕಟ್ಟುವವರ ಮುಂದೆಯೂ ನಾಳೆ ಇದೇ ಪ್ರಶ್ನೆ ಬರುತ್ತದೆ.

ತಪ್ಪನ್ನು ಬಾರಿಸುವವರ ಮೇಲೆ ಹೊರಿಸಿ ಸುಮ್ಮನಾಗುವುದು ಅನ್ಯಾಯ. ಹಿಮ್ಮೇಳದ ಬಗ್ಗೆ ಬರೆಯುವ ನಾವು ಭಾಗವತಿಕೆಯ ಮಟ್ಟು, ಮದ್ದಳೆಯ ನುಡಿತ, ಚೆಂಡೆಯ ಚುರುಕು ಎಲ್ಲವನ್ನೂ ತೂಗುತ್ತೇವೆ. ಆ ಮುಚ್ಚಿಗೆ ಕಟ್ಟಿದವರು ಯಾರೆಂದು ಕೇಳುವುದಿಲ್ಲ. ಕರ್ನಾಟಕ ಸಂಗೀತದ ಗಾಯಕ ಟಿ. ಎಂ. ಕೃಷ್ಣ 2020ರಲ್ಲಿ ಮೃದಂಗ ಮಾಡುವವರ ಕುರಿತು ‘ಸೆಬಾಸ್ಟಿಯನ್ ಅಂಡ್ ಸನ್ಸ್’ ಬರೆದಾಗ, ಬಿಡುಗಡೆಗೆ ಸಭಾಂಗಣ ಕೊಡಲು ಒಪ್ಪಿದ್ದ ಚೆನ್ನೈನ ಕಲಾಕ್ಷೇತ್ರ ಅನುಮತಿ ಹಿಂತೆಗೆದುಕೊಂಡಿತು. ವಾದ್ಯಕ್ಕೆ ಪೂಜೆ ಸಲ್ಲಿಸುವ ಜಗತ್ತಿಗೆ ಅದನ್ನು ಮಾಡಿದ ಕೈಗಳ ಮಾತು ಇಷ್ಟು ಇರುಸುಮುರುಸು ತರುತ್ತದೆ. ಕಟ್ಟುವ ಕೆಲಸಕ್ಕೆ ಬೆಲೆಯೇ ಇಲ್ಲದ ಕಡೆ ಫೈಬರ್ ಬಂದಾಗ, ಅದನ್ನು ಯಾರಾದರೂ ಹದ ಮಾಡಬೇಕಿತ್ತು ಎಂದು ಯಾರಿಗೂ ಹೊಳೆಯದಿದ್ದುದು ಸಹಜವೇ.

ಆದ್ದರಿಂದ ನನ್ನ ತೀರ್ಮಾನ ಇಷ್ಟು. ಫೈಬರ್ ಚೆಂಡೆ ಅಪಚಾರವಲ್ಲ, ಅರ್ಧಕ್ಕೆ ನಿಂತ ವಾದ್ಯ. ಅದನ್ನು ಪೂರ್ತಿ ಮಾಡಬಲ್ಲ ಕಿವಿ ಇಂದು ಚರ್ಮದ ಕೆಲಸದವರ ಬಳಿಯೇ ಇದೆ. ಜಾತ್ರೆಗೆ ಚೆಂಡೆ ಕರೆಸುವ ಸಮಿತಿಗಳು, ಮೇಳದ ಯಜಮಾನರು, ವಾದ್ಯ ಮಾರುವವರು ಅವರನ್ನು ಕೂಲಿಗೆ ಕರೆಯುವ ಬದಲು ಶ್ರುತಿಯ ತಜ್ಞರೆಂದು ಕರೆದು ಹೊಸ ಹಾಳೆಯನ್ನು ಅವರ ಮುಂದಿಡಬೇಕು. ಬೇಡವೆಂದು ಅವರು ಹೇಳಿದರೆ ಆ ಮಾತಿಗೂ ತೂಕವಿರಬೇಕು. ಆಟದ ಕರಪತ್ರದಲ್ಲಿ ಭಾಗವತರು, ಮದ್ದಳೆ, ಚೆಂಡೆ ಎಂದು ಹೆಸರು ಅಚ್ಚು ಮಾಡುವವರು ‘ಮುಚ್ಚಿಗೆ’ ಎಂದು ಇನ್ನೊಂದು ಸಾಲು ಸೇರಿಸಲಿ. ಅದಕ್ಕೆ ತಗಲುವ ಖರ್ಚು ಏನೂ ಇಲ್ಲ. ವಿಮರ್ಶಕರಿಗೂ ಆಗ ಕೇಳಬೇಕಾದ್ದು ಇನ್ನೊಂದು ಇತ್ತೆಂದು ಗೊತ್ತಾಗುತ್ತದೆ.