ಆಸ್ಟಾ ನೀಲ್ಸನ್: ಮುಖಕ್ಕಷ್ಟೇ ಸಂದ ಹೊಗಳಿಕೆ

ಮೂಕಿ ಚಿತ್ರಗಳ ನಟಿಯರ ಮಾತು ಬಂದರೆ ನಮ್ಮಲ್ಲಿ ಚರ್ಚೆ ಗ್ರೇಟಾ ಗಾರ್ಬೋ ಹೆಸರಿಗೇ ಬಂದು ನಿಲ್ಲುತ್ತದೆ. 1925ರಲ್ಲಿ ಪಾಬ್ಸ್ಟ್ ನಿರ್ದೇಶಿಸಿದ ‘ದ ಜಾಯ್‌ಲೆಸ್ ಸ್ಟ್ರೀಟ್’ನಲ್ಲಿ ಅದೇ ಗಾರ್ಬೋ ಜೊತೆ ನಟಿಸಿದ ಆಸ್ಟಾ ನೀಲ್ಸನ್ ಮಾತ್ರ ಅಡಿಟಿಪ್ಪಣಿಗೆ ಸರಿದಿದ್ದಾರೆ. ಇದು ಅನ್ಯಾಯ. ಅವರನ್ನು ಮೆಚ್ಚುವವರೂ ತಪ್ಪು ಕಾರಣಕ್ಕೆ ಮೆಚ್ಚುತ್ತಾರೆ ಎಂಬುದು ಅದಕ್ಕಿಂತ ದೊಡ್ಡ ಅನ್ಯಾಯ.

ಡೆನ್ಮಾರ್ಕಿನಲ್ಲಿ 1910ರಲ್ಲಿ ತೆರೆಕಂಡ, ಉರ್ಬಾನ್ ಗಾಡ್ ನಿರ್ದೇಶನದ ‘ಅಫ್‌ಗ್ರುಂಡೆನ್’ (ಪ್ರಪಾತ) ನೀಲ್ಸನ್ ಅವರ ಮೊದಲ ಚಿತ್ರ. ಪಿಯಾನೋ ಕಲಿಸುವ ಮಗ್ದಾ, ಮದುವೆಯಾಗಬೇಕಿದ್ದ ಎಂಜಿನಿಯರನನ್ನು ಬಿಟ್ಟು ಸರ್ಕಸ್ಸಿನವನೊಬ್ಬನ ಹಿಂದೆ ಹೋಗುತ್ತಾಳೆ. ಅವನೋ ಅವಳಿಗೆ ನಿಷ್ಠನಲ್ಲ. ಚಿತ್ರ ಪ್ರಸಿದ್ಧವಾದದ್ದು ಒಂದು ನೃತ್ಯದಿಂದ. ಸ್ವೀಡನ್, ನಾರ್ವೆಗಳ ಸೆನ್ಸಾರ್ ಅದಕ್ಕೆ ಹೆದರಿತು. ವಿಮರ್ಶಕರು ಅದನ್ನು ‘ದಿಟ್ಟ ಕಾಮುಕತೆ’ ಎಂದು ಹೊಗಳಿ ಕೈತೊಳೆದುಕೊಂಡರು.

ಆ ನೃತ್ಯವನ್ನು ಸರಿಯಾಗಿ ನೋಡಬೇಕು. ಕ್ಯಾಮೆರಾ ಇರುವುದು ವೇದಿಕೆಯ ಪಕ್ಕದಲ್ಲಿ. ರಂಗದ ಪ್ರೇಕ್ಷಕರು ನಮಗೆ ಕಾಣುವುದಿಲ್ಲ. ಕ್ಲೋಸ್‌ಅಪ್ ಇಲ್ಲ, ಮುಖ ದೂರದಲ್ಲೇ ಉಳಿಯುತ್ತದೆ. ಮಗ್ದಾ ಹಗ್ಗ ಹಿಡಿದು ಆ ಸರ್ಕಸ್ಸಿನವನ ಸುತ್ತ ಸುತ್ತುತ್ತಾಳೆ, ಅವನನ್ನು ಬಿಗಿಯುತ್ತಾಳೆ, ಅವನಿಗೆ ಮೈ ಒತ್ತಿ ನಿಧಾನವಾಗಿ ಸೊಂಟ ತಿರುಗಿಸುತ್ತಾಳೆ. ಅವನು ಅಲ್ಲಾಡಲಾರ. ಬದುಕಿನಲ್ಲಿ ಅವನಿಗೆ ಸಿಕ್ಕಿಬಿದ್ದವಳು ಇಲ್ಲಿ ಅವನನ್ನೇ ಕಟ್ಟಿಹಾಕುತ್ತಾಳೆ. ಬರಿಯ ಮೋಹವಾಗಿದ್ದರೆ ಇಷ್ಟು ನಿಧಾನ ಬೇಕಿರಲಿಲ್ಲ. ಸೇಡು, ಆಸೆ, ಅವಮಾನ ಮೂರನ್ನೂ ನೀಲ್ಸನ್ ಭುಜ ಮತ್ತು ಸೊಂಟದಲ್ಲೇ ಹೇಳುತ್ತಾರೆ. ಕೊನೆಗೆ ಅವನನ್ನು ಇರಿದು ಕೊಂದು ಪೊಲೀಸರ ನಡುವೆ ಹೊರಬರುವಾಗ ಅದೇ ಮೈ ಪೂರ್ತಿ ಬತ್ತಿಹೋಗಿದೆ. ಈ ಎರಡು ದೃಶ್ಯಗಳನ್ನು ಜೊತೆಗಿಟ್ಟು ನೋಡದವರು ಆ ನೃತ್ಯವನ್ನು ನೋಡಿಯೇ ಇಲ್ಲ.

ನನ್ನ ಜಗಳ ಇರುವುದು ಚಿತ್ರ ಸಿದ್ಧಾಂತಿ ಬೇಲಾ ಬಲಾಜ್ ಹೆಸರು ಹೇಳಿಕೊಂಡು ಬರೆಯುವವರೊಂದಿಗೆ. ಬಲಾಜ್ 1924ರಲ್ಲಿ ನೀಲ್ಸನ್ ಬಗ್ಗೆ ಭಕ್ತಿಯಿಂದಲೇ ಬರೆದ. ಅವನ ಹಿಂಬಾಲಕರು ಆ ಭಕ್ತಿಯನ್ನು ಸೂತ್ರವಾಗಿಸಿ, ಮೂಕಿ ಅಭಿನಯವೆಂದರೆ ಮುಖ, ಮುಖವೆಂದರೆ ಕ್ಲೋಸ್‌ಅಪ್ ಎಂದು ತೀರ್ಮಾನಿಸಿದರು. ಕ್ಲೋಸ್‌ಅಪ್ಪೇ ಇಲ್ಲದ ಈ ನೃತ್ಯ ಅವರ ಸೂತ್ರಕ್ಕೆ ಒಗ್ಗುವುದಿಲ್ಲ. ಅದಕ್ಕೇ ಅವರು ಅದನ್ನು ಹಗರಣದ ಪಟ್ಟಿಗೆ ತಳ್ಳುತ್ತಾರೆ. 1921ರಲ್ಲಿ ನೀಲ್ಸನ್ ತಮ್ಮದೇ ಕಂಪನಿಯಿಂದ ‘ಹ್ಯಾಮ್ಲೆಟ್’ ತೆಗೆದು, ರಾಜಕುಮಾರನಂತೆ ಬೆಳೆಸಲ್ಪಟ್ಟ ಹೆಣ್ಣಾಗಿ ನಟಿಸಿದರು. ಅದನ್ನೂ ಇವರು ವಿಚಿತ್ರ ಪ್ರಯೋಗವೆಂದು ಬದಿಗಿಟ್ಟರು. ಗುಟ್ಟು ಕಾಯಬೇಕಾದ ಮೈಯನ್ನು ಇಡೀ ಚಿತ್ರದುದ್ದಕ್ಕೂ ಹೊರುವುದು ಎಂಥ ಅಭಿನಯ ಎಂದು ಕೇಳಲಿಲ್ಲ.

ಗಾಡ್ ಜೊತೆಗಿನ ಹಲವು ಚಿತ್ರಗಳ ಕಥೆ ಸವಕಲು, ನಿಜ. ಆದರೆ ಕಥೆಯ ಬಡತನವನ್ನು ನಟಿಯ ಲೆಕ್ಕಕ್ಕೆ ಬರೆಯಬಾರದು. ತೆರೆಯ ಅಭಿನಯದ ಚರಿತ್ರೆಯನ್ನು ಗಾರ್ಬೋಯಿಂದ ಆರಂಭಿಸುವುದು ತಪ್ಪು. ಅದು 1910ರಲ್ಲಿ, ನೀಲ್ಸನ್ ಅವರಿಂದಲೇ ಆರಂಭವಾಗಬೇಕು.