ತೊಡದಾಗಲೂ ಕಾಪಾಡಿದ ಅಂಗಿ

ಟಾಲ್ಕಿನ್ನರ ಕಥೆಗಳ ಕಲ್ಪಿತ ಲೋಹ ಮಿಥ್ರಿಲ್‌ಗೆ ಆಟಗಳ ಲೋಕದಲ್ಲಿ ಸಿಕ್ಕಿರುವ ಸ್ಥಾನದ ಬಗ್ಗೆ ಈ ವಾರ ಬರೆಯುವುದೆಂದು ಅಂಕಣ ಮಾತು ಕೊಟ್ಟಿತ್ತು. ಆ ಮಾತು ಅರ್ಧ ಮಾತ್ರ ನಡೆಯುತ್ತದೆ. ರೂನ್‌ಸ್ಕೇಪ್ ಆಡಿದವರಿಗೆ ಗೊತ್ತು, ಕಂಚು, ಕಬ್ಬಿಣ, ಉಕ್ಕು ದಾಟಿದ ಮೇಲೆ ಮಿಥ್ರಿಲ್ ಬರುತ್ತದೆ. ಅದರ ತಲೆಯ ಮೇಲೆ ಅಡಮಂಟ್, ಅದಕ್ಕೂ ಮೇಲೆ ರೂನ್. ಡಂಜನ್ಸ್ ಅಂಡ್ ಡ್ರ್ಯಾಗನ್ಸ್‌ನಲ್ಲಿ ಅದು ‘ಮಿಥ್ರಲ್’ ಎಂದು ಹೆಸರು ತಿರುಚಿಕೊಂಡು ಹಗುರ ಕವಚವಾಗಿ ಮಾರಾಟಕ್ಕೆ ನಿಂತಿದೆ. ಟಾಲ್ಕಿನ್ನರು ಬೆಲೆಯೇ ಕಟ್ಟಲಾಗದು ಎಂದ ಲೋಹ ಇಲ್ಲಿ ನಡುದರ್ಜೆಯ ಸರಕು. ಆಟಗಳ ಮಾತು ಇಷ್ಟೇ ಸಾಕು. ಇದಕ್ಕಾಗಿ ಅವರ ‘ದಿ ರಿಟರ್ನ್ ಆಫ್ ದಿ ಕಿಂಗ್’ ಕಾದಂಬರಿಯನ್ನು ಮತ್ತೆ ತೆರೆದಾಗ ಹೆಚ್ಚು ತೂಕದ ಸಂಗತಿಯೊಂದು ಕಣ್ಣಿಗೆ ಬಿತ್ತು.

ಅದಕ್ಕೂ ಮೊದಲು ಒಂದು ಹಳೆಯ ತಕರಾರು ತೀರಬೇಕು. ಮಿಥ್ರಿಲ್ ಅನ್ನು ‘ಮಾಯಾಲೋಹ’ ಎನ್ನುವ ಪಂಗಡದೊಂದಿಗೆ ಈ ಅಂಕಣ ಎಂದೂ ರಾಜಿಯಾಗಿಲ್ಲ. 2022ರಲ್ಲಿ ಬಂದ ‘ದಿ ರಿಂಗ್ಸ್ ಆಫ್ ಪವರ್’ ಧಾರಾವಾಹಿ ಆ ಪಂಗಡಕ್ಕೆ ಬಲ ಕೊಟ್ಟಿತು. ಕಳೆದುಹೋದ ಸಿಲ್ಮರಿಲ್ ಮಣಿ ಅಡಗಿದ್ದ ಮರಕ್ಕಾಗಿ ಎಲ್ಫ್ ವೀರನಿಗೂ ಬಾಲ್ರಾಗ್ ಎಂಬ ಬೆಂಕಿಯ ಪಿಶಾಚಿಗೂ ಬೆಟ್ಟದ ತುದಿಯಲ್ಲಿ ಕಾಳಗವಾಯಿತಂತೆ, ಸಿಡಿಲು ಹೊಡೆದು ಮರದ ಶಕ್ತಿ ಬೆಟ್ಟದೊಳಗೆ ಇಳಿದು ಅದಿರಾಯಿತಂತೆ. ಅಲ್ಲಿ ಇದನ್ನು ದಂತಕಥೆ ಎಂದೇ ಹೇಳಿಸಿದ್ದಾರೆ, ನಿಜ. ಆದರೆ ಮುಂದೆ ಕಪ್ಪಿಟ್ಟ ಎಲೆಯೊಂದು ಆ ಅದಿರಿನ ಹತ್ತಿರ ಗುಣವಾಗುತ್ತದೆ, ಎಲ್ಫರ ಉಳಿವೇ ಅದರ ಮೇಲೆ ನಿಲ್ಲುತ್ತದೆ. ಲೋಹ ಹೋಗಿ ಸಂಜೀವಿನಿ ಬಂದು ಕೂತಿತು.

ಟಾಲ್ಕಿನ್ನರು ಬರೆದದ್ದು ಕಮ್ಮಾರನಿಗೂ ಅಕ್ಕಸಾಲಿಗನಿಗೂ ಅರ್ಥವಾಗುವ ಲೋಹ. ತಾಮ್ರದಂತೆ ಬಡಿತಕ್ಕೆ ಬಗ್ಗುತ್ತದೆ, ಉಜ್ಜಿದರೆ ಗಾಜಿನ ಹೊಳಪು. ಕುಳ್ಳರ ಕುಲುಮೆಯಲ್ಲಿ ಹದಗೊಂಡರೆ ಹಗುರಾಗಿದ್ದೂ ಉಕ್ಕನ್ನು ಮೀರಿಸುವ ಗಡಸು. ನೋಡಲು ಬೆಳ್ಳಿಯೇ, ಆದರೆ ಗಾಳಿಯಲ್ಲಿನ ಗಂಧಕ ತಾಗಿ ಕಾಲ್ಗೆಜ್ಜೆ ಕಪ್ಪಾಗುತ್ತದಲ್ಲ, ಇದಕ್ಕೆ ಆ ಕಾಟವಿಲ್ಲ. ಗೊಂಡೋರ್ ಕೋಟೆಯ ಕಾವಲುಗಾರರ ಶಿರಸ್ತ್ರಾಣ, ಗಲಾಡ್ರಿಯೆಲಳ ಉಂಗುರ, ಯುದ್ಧ ಮುಗಿದ ಮೇಲೆ ಕುಳ್ಳ ಗಿಮ್ಲಿಯ ಜನ ಮಿನಾಸ್ ತಿರಿತ್ ನಗರಕ್ಕೆ ಉಕ್ಕು ಸೇರಿಸಿ ಕಟ್ಟಿಕೊಟ್ಟ ಹೆಬ್ಬಾಗಿಲು, ಎಲ್ಲವೂ ಕೈಕೆಲಸ. ಮಾಯೆಗೆ ತೀರ ಸಮೀಪದ್ದೆಂದರೆ ಇಥಿಲ್ದಿನ್: ಚುಕ್ಕಿ ಚಂದ್ರರ ಬೆಳಕಿಗೆ ಮಾತ್ರ ಕಾಣಿಸುವ, ಕುಳ್ಳರ ಗಣಿನಗರ ಮೋರಿಯಾದ ಪಡುಬಾಗಿಲ ಮೇಲಿನ ಗೆರೆಗಳು. ಅದನ್ನು ಮಿಥ್ರಿಲ್‌ನಿಂದ ತಯಾರಿಸಿದವರು ಎಲ್ಫರು. ಅಲ್ಲಿರುವ ಮಾಯೆ ಅವರ ಕೈಯದು, ಲೋಹದ್ದಲ್ಲ.

ಕರ್ಣನ ಕವಚದ ಪಕ್ಕದಲ್ಲಿ ಮಿಥ್ರಿಲ್ ಅಂಗಿಯನ್ನಿಟ್ಟರೆ ಇದು ಇನ್ನೂ ನಿಚ್ಚಳ. ಅದು ಹುಟ್ಟಿನೊಂದಿಗೆ ಮೈಗೆ ಅಂಟಿ ಬಂದದ್ದು, ಇಂದ್ರ ಬೇಡಿದಾಗ ಮೈಯಿಂದಲೇ ಕೊಯ್ದು ಕೊಡಬೇಕಾಯಿತು. ಇದು ಉಂಗುರಕ್ಕೆ ಉಂಗುರ ಹೆಣೆದು, ಯಾವನೋ ಎಲ್ಫ್ ರಾಜಕುಮಾರನ ಅಳತೆಗೆ ಮಾಡಿದ ಅಂಗಿ. ಕುಳ್ಳರ ನಾಯಕ ಥೋರಿನ್ ಅದನ್ನು ಹಾಬಿಟ್ ಬಿಲ್ಬೊಗೆ ಕೊಟ್ಟ. 1937ರ ‘ದಿ ಹಾಬಿಟ್’ ಮೊದಲ ಮುದ್ರಣದಲ್ಲಿ ಮಿಥ್ರಿಲ್ ಎಂಬ ಹೆಸರೇ ಇರಲಿಲ್ಲ; ಅಲ್ಲಿದ್ದದ್ದು ಬೆಳ್ಳಿ ಲೇಪದ ಉಕ್ಕು. 1966ರ ಪರಿಷ್ಕರಣೆಯಲ್ಲಿ ಟಾಲ್ಕಿನ್ನರು ಹೆಸರು ಸೇರಿಸಿದರು. ಮಾಯೆ ಹೆಚ್ಚಿಸುವ ಒಂದು ಮಾತನ್ನೂ ಅದರ ಜೊತೆ ಸೇರಿಸಲಿಲ್ಲ.

ಹಾಗಾದರೆ ಆ ಅಂಗಿಯ ಶಕ್ತಿ ಎಲ್ಲಿದೆ? ಬೆಲೆಯಲ್ಲಿ. ಮೋರಿಯಾದ ಕತ್ತಲಲ್ಲಿ ಮಾಂತ್ರಿಕ ಗ್ಯಾಂಡಾಲ್ಫ್ ವಿವರಿಸುತ್ತಾನೆ: ಹಿಂದೆ ಮಿಥ್ರಿಲ್ ಚಿನ್ನದ ಹತ್ತು ಪಟ್ಟು, ಈಗ ಬೆಲೆ ಹೇಳುವವರೇ ಇಲ್ಲ, ಬಿಲ್ಬೊನ ಆ ಒಂದು ಅಂಗಿ ಇಡೀ ಶೈರ್ ನಾಡಿಗಿಂತ ಹೆಚ್ಚು ಬಾಳುತ್ತದೆ. ಅದಿರಿನ ಸೆಲೆ ಕಾರಾಧ್ರಾಸ್ ಬೆಟ್ಟದ ಬುಡಕ್ಕೆ ಇಳಿಯುತ್ತಿತ್ತು, ಕುಳ್ಳರೂ ಇಳಿದರು. ಮೂರನೆಯ ಯುಗದ 1980ರಲ್ಲಿ ಬಾಲ್ರಾಗ್ ಎದ್ದು ಅರಸ ಡುರಿನ್‌ನನ್ನು ಕೊಂದಿತು, ಮರುವರ್ಷ ಅವನ ಮಗನನ್ನು. ಆಮೇಲೆ ಗಣಿ ಬಿಟ್ಟು ಓಡಿದರು. ಅಗೆಯುವವರಿಲ್ಲದ ಕಾರಣಕ್ಕೆ ಆ ಅಂಗಿಗೆ ಅಂಥ ಬೆಲೆ.

ಕಣ್ಣಿಗೆ ಬಿದ್ದ ಸಂಗತಿ ಇಲ್ಲಿಂದಲೇ ಬಿಚ್ಚಿಕೊಳ್ಳುತ್ತದೆ. ಬಿಲ್ಬೊನಿಂದ ಅಂಗಿ ಅವನ ವಾರಸುದಾರ ಫ್ರೋಡೊನ ಕೈಸೇರಿತ್ತು. ಮೋರಿಯಾದಲ್ಲಿ ಓರ್ಕ್ ನಾಯಕನ ಈಟಿ ಫ್ರೋಡೊನನ್ನು ಕೊಲ್ಲಲಿಲ್ಲ, ಅದು ಎಲ್ಲರಿಗೂ ನೆನಪಿದೆ. ಅಂಗಿಯ ನಿಜವಾದ ಉಪಕಾರ ನಡೆದದ್ದು ಫ್ರೋಡೊನ ಮೈಮೇಲೆ ಅದು ಇಲ್ಲದಾಗ. ಶೆಲೋಬ್ ಎಂಬ ದೈತ್ಯ ಜೇಡ ಕಚ್ಚಿ ಪ್ರಜ್ಞೆ ತಪ್ಪಿದವನನ್ನು ಓರ್ಕ್‌ಗಳು ಕಿರಿತ್ ಉಂಗೋಲ್ ಗೋಪುರಕ್ಕೆ ಹೊತ್ತು, ಬಟ್ಟೆ ಕಳಚುತ್ತಾರೆ. ಸೆರೆಯಾಳಿನ ಒಂದೊಂದು ವಸ್ತುವೂ ಒಡೆಯನಿಗೆ ಹೋಗಬೇಕೆಂಬುದು ಕಟ್ಟಪ್ಪಣೆ. ಒಂದು ದಂಡಿನ ನಾಯಕ ಗೊರ್ಬಾಗ್‌ಗೆ ಅಂಗಿ ತನಗೇ ಬೇಕು, ಇನ್ನೊಂದರ ನಾಯಕ ಶಾಗ್ರಾಟ್ ಬಿಡುವುದಿಲ್ಲ. ಎರಡು ದಂಡುಗಳೂ ಪರಸ್ಪರ ಕಡಿದಾಡಿಕೊಂಡು, ಫ್ರೋಡೊನ ಸಂಗಾತಿ ಸ್ಯಾಮ್ ಒಬ್ಬನೇ ಕತ್ತಿ ಹಿಡಿದು ಮೆಟ್ಟಿಲೇರುವ ಹೊತ್ತಿಗೆ ಗೋಪುರದ ತುಂಬ ಹೆಣಗಳು. ತೋಟದ ಕೆಲಸದವನೊಬ್ಬ ಆ ಎರಡು ದಂಡುಗಳನ್ನು ಎದುರಿಸಿ ಗೆಲ್ಲುವುದು ಯಾವ ಲೆಕ್ಕದಲ್ಲೂ ಸಾಧ್ಯವಿರಲಿಲ್ಲ. ಫ್ರೋಡೊ ಮತ್ತು ಸ್ಯಾಮ್ ನಾಶಮಾಡಲು ಹೊರಟಿದ್ದ ಮಾಯಾ ಉಂಗುರ ಬೆಂಕಿಯ ಬೆಟ್ಟ ತಲುಪಿದ್ದು ಒಂದು ಅಂಗಿಯ ಆಸೆಯಿಂದ.

ಪೀಟರ್ ಜಾಕ್ಸನ್ 2003ರ ಚಿತ್ರದಲ್ಲಿ ಈ ಜಗಳ ತೋರಿಸಿದ್ದಾರೆ, ಆದರೆ ಕಣ್ಣು ಮಿಟುಕಿಸುವಷ್ಟರಲ್ಲಿ ಮುಗಿಯುತ್ತದೆ. ಬೆಳಗುವ ಅದಿರು, ಗುಣವಾಗುವ ಎಲೆ ಬೇಕೆನ್ನುವವರು ಒಮ್ಮೆ ‘ದಿ ರಿಟರ್ನ್ ಆಫ್ ದಿ ಕಿಂಗ್’ನಲ್ಲಿರುವ ಆರನೆಯ ಪುಸ್ತಕದ ಮೊದಲ ಅಧ್ಯಾಯವನ್ನು ಓದಬೇಕು. ಓದಿದ್ದವರೂ ಈ ಭಾನುವಾರ ಮತ್ತೆ ತೆರೆಯಲಿ, ಈ ಸಲ ಸ್ಯಾಮ್‌ನನ್ನು ಬಿಟ್ಟು ಆ ಅಂಗಿಯ ಬೆನ್ನು ಹಿಡಿಯಲಿ.