30 ನಿಮಿಷದ ವೊಟ್

‘ಇಥಿಯೋಪಿಯನ್ ಸ್ಟೈಲ್ ಸ್ಪೈಸಿ ಬೀಫ್, ಬರೀ 30 ನಿಮಿಷದಲ್ಲಿ!’ ಇಂಥ ತಲೆಬರಹದ ರೆಸಿಪಿಗಳು ಈಗ ಎಲ್ಲೆಲ್ಲೂ ಸಿಗುತ್ತವೆ. ಒಳಗಿರೋದು ಹೆಚ್ಚುಕಮ್ಮಿ ಒಂದೇ. ಬಾಣಲೆಗೆ ಎರಡು ಚಮಚ ಎಣ್ಣೆ, ಒಂದು ಈರುಳ್ಳಿ, ಐದು ನಿಮಿಷ. ಆಮೇಲೆ ಟೊಮೆಟೊ, ಖಾರದಪುಡಿ, ಪ್ಯಾಪ್ರಿಕಾ, ಚಿಟಿಕೆ ಚಕ್ಕೆಪುಡಿ. ಕೊನೆಗೆ ಮಾಂಸ. ಅನ್ನದ ಜೊತೆ ಬಡಿಸಿ, ಮೇಲೆ ಕೊತ್ತಂಬರಿ ಸೊಪ್ಪು ಉದುರಿಸಿ, ಫೋಟೊ ತೆಗೆಯಿರಿ. ರುಚಿ ಕೆಟ್ಟದಾಗಿರುತ್ತಾ ಅಂದ್ರೆ, ಇಲ್ಲ. ಖಾರಖಾರವಾಗಿ ಚೆನ್ನಾಗೇ ಇರುತ್ತೆ. ನನ್ನ ತಕರಾರು ಇರೋದು ಆ ‘ಸ್ಟೈಲ್’ ಅನ್ನೋ ಪದದ ಮೇಲೆ. ಆ ಒಂದು ಪದ ಹಾಕ್ಕೊಂಡ್ರೆ ಏನು ಬೇಕಾದ್ರೂ ಕೈಬಿಡಬಹುದು ಅನ್ನೋ ಧೈರ್ಯ ಬಂದುಬಿಡುತ್ತೆ. ಕೈಬಿಟ್ಟದ್ದು ಏನು ಅಂತ ಲೆಕ್ಕ ಹಾಕೋಣ.

ಈ ರೆಸಿಪಿಗಳು ಯಾವುದನ್ನ ನಕಲು ಮಾಡ್ತಿವೆಯೋ ಆ ಅಡುಗೆಗೆ ಸ್ವಂತ ಹೆಸರಿದೆ. ಸಿಗಾ ವೊಟ್. ಇಥಿಯೋಪಿಯಾದ ಅಮ್ಹಾರಿಕ್ ಭಾಷೆಯಲ್ಲಿ ಸಿಗಾ ಅಂದರೆ ಮಾಂಸ; ಬೇರೇನೂ ಹೇಳದಿದ್ದರೆ ದನದ ಮಾಂಸ ಅಂತಲೇ ತಿಳಿಯಬೇಕು. ವೊಟ್ ಅಂದರೆ ನಮ್ಮ ಗೊಜ್ಜಿಗೂ ಸಾರಿಗೂ ನಡುವೆ ಇರುವಂಥ ಗಟ್ಟಿ ಸಾರು. ಕೋಳಿ ಹಾಕಿದರೆ ಅದು ಡೋರೊ ವೊಟ್, ಕುರಿ ಹಾಕಿದರೆ ಯೆಬೆಗ್ ವೊಟ್, ಮಸೂರ್ ಬೇಳೆ ಹಾಕಿದರೆ ಮಿಸಿರ್ ವೊಟ್. ಬರ್ಬೆರೆ ಅನ್ನೋ ಮೆಣಸಿನಕಾಯಿ ಮಸಾಲೆ ಬಿದ್ದರೆ ಅದು ಕೆಂಪು, ಅಂದರೆ ‘ಕೆಯ್’ ವೊಟ್. ಬರ್ಬೆರೆ ಬಿಟ್ಟು ಅರಿಶಿನ ಹಾಕಿ ಖಾರವಿಲ್ಲದೆ ಮಾಡಿದರೆ ಅಲಿಚಾ. ಪದಾರ್ಥ ಬದಲಾದರೆ ಅವರು ಹೆಸರು ಬದಲಿಸ್ತಾರೆ, ಅಷ್ಟೇ. ಆದ್ದರಿಂದ ‘ದನದ ಬದಲು ಕುರಿ ಹಾಕಬಹುದಾ’ ಅಂತ ಹೆದರಬೇಕಾಗಿಲ್ಲ. ಧಾರಾಳವಾಗಿ ಹಾಕಿ. ಇಷ್ಟೆಲ್ಲ ಬದಲಾದ ಮೇಲೂ ಬದಲಾಗದೆ ಉಳಿಯುವುದು ಯಾವುದು ಅಂತ ಕೇಳಿ.

ಉಳಿಯುವುದು ಈರುಳ್ಳಿ.

ನಾನಿರೋದು ವರ್ಜೀನಿಯಾದಲ್ಲಿ, ವಾಷಿಂಗ್ಟನ್ ಡಿಸಿ ಪಕ್ಕ. 1974ರ ಕ್ರಾಂತಿಯ ನಂತರ ಇಥಿಯೋಪಿಯಾ ಬಿಟ್ಟು ಬಂದ ಸಾವಿರಾರು ಜನ ಈ ಸುತ್ತಮುತ್ತಲೇ ನೆಲೆಸಿದ್ದಾರೆ. ಅವರ ದಿನಸಿ ಅಂಗಡಿಗೆ ಬರ್ಬೆರೆ ಕೊಳ್ಳೋಕೆ ಹೋದಾಗ ಅಂಗಡಿಯಾಕೆ ಮಾಂಸದ ಮಾತೇ ಎತ್ತಲಿಲ್ಲ. ಈರುಳ್ಳಿ ಎಷ್ಟು ಹಾಕ್ತೀಯ ಅಂತ ಕೇಳಿದಳು. ಒಂದು ಕಿಲೊ ಮಾಂಸಕ್ಕೆ ಹೆಚ್ಚುಕಮ್ಮಿ ಒಂದು ಕಿಲೊ ಕೆಂಪು ಈರುಳ್ಳಿ ಬೇಕು. ಸಣ್ಣಗೆ, ಆದಷ್ಟೂ ಸಣ್ಣಗೆ ಹೆಚ್ಚಬೇಕು. ದಪ್ಪ ತಳದ ಪಾತ್ರೆಗೆ ಹಾಕಿ ಸಣ್ಣ ಉರಿಯಲ್ಲಿಡಬೇಕು. ಎಣ್ಣೆ ಇಲ್ಲ, ತುಪ್ಪ ಇಲ್ಲ, ಏನೂ ಇಲ್ಲ. ಒಣ ಪಾತ್ರೆ, ಈರುಳ್ಳಿ, ಸೌಟು. ತಳ ಹಿಡಿಯೋ ಹಾಗೆ ಕಂಡರೆ ಒಂದು ಚಮಚ ನೀರು ಚಿಮುಕಿಸಿ ಮತ್ತೆ ತಿರುವಬೇಕು. ಹೀಗೆ ಮುಕ್ಕಾಲು ಗಂಟೆ.

ಕನ್ನಡದ ಅಡುಗೆಮನೆಯಲ್ಲಿ ಬೆಳೆದವರಿಗೆ ಇದು ಕೈಗೆ ಒಗ್ಗೋದೇ ಇಲ್ಲ. ನಮ್ಮ ಕೈ ಮೊದಲು ಎಣ್ಣೆಗೇ ಹೋಗುತ್ತೆ. ಎಣ್ಣೆ ಕಾಯಬೇಕು, ಸಾಸಿವೆ ಸಿಡಿಯಬೇಕು, ಆಮೇಲೆ ಮಿಕ್ಕಿದ್ದು. ಇಲ್ಲಿ ಕ್ರಮ ತಿರುಗುಮುರುಗು, ಅದಕ್ಕೆ ಕಾರಣವೂ ಇದೆ. ಈರುಳ್ಳಿಯ ತೂಕದಲ್ಲಿ ಹತ್ತರಲ್ಲಿ ಒಂಬತ್ತು ಪಾಲು ನೀರು. ಕಾದ ಎಣ್ಣೆಗೆ ಹಾಕಿದರೆ ಹೊರಮೈ ಹುರಿದು ಅಂಚು ಕೆಂಪಾಗುತ್ತೆ, ಚೂರು ಚೂರಾಗೇ ಉಳಿಯುತ್ತೆ. ಒಣ ಪಾತ್ರೆಯಲ್ಲಿ ನಿಧಾನಕ್ಕೆ ತನ್ನ ನೀರಲ್ಲೇ ಬೆಂದರೆ ಕರಗಿ ಮುದ್ದೆಯಾಗುತ್ತೆ. ಸಿಗಾ ವೊಟ್‌ನಲ್ಲಿ ಸಾರು ಗಟ್ಟಿಯಾಗೋಕೆ ಹಿಟ್ಟು, ಕಾಯಿ, ಹುರಿಗಡಲೆ ಯಾವುದನ್ನೂ ಹಾಕೋದಿಲ್ಲ. ಈ ಈರುಳ್ಳಿಯೇ ಸಾರು. ಅದರ ಸಿಹಿಯೇ ಮುಂದೆ ಬೀಳುವ ಖಾರವನ್ನ ಹಿಡಿದಿಡೋದು. 30 ನಿಮಿಷದ ರೆಸಿಪಿಗಳು ಟೊಮೆಟೊ ಹಾಕೋದು ಈ ಕೊರತೆ ಮುಚ್ಚೋಕೆ. ಬೇಯದ ಈರುಳ್ಳಿ ಗಟ್ಟಿತನ ಕೊಡಲಿಲ್ಲ, ಟೊಮೆಟೊ ಕೊಡಲಿ ಅಂತ. ಆಗ ಅದು ನಮ್ಮ ಹೈವೇ ಡಾಬಾದ ಗ್ರೇವಿ ಆಗುತ್ತೆ.

ಈರುಳ್ಳಿ ಬೆಂದ ಮೇಲೆ ನಿತ್ತೆರ್ ಕಿಬ್ಬೆ, ಅಂದರೆ ಮಸಾಲೆ ತುಪ್ಪ. ಇದನ್ನ ಓದಿ ಹುಬ್ಬೇರಿಸಬೇಡಿ. ನಮ್ಮೂರಲ್ಲಿ ಬೆಣ್ಣೆ ಕಾಯಿಸುವಾಗ ಕೊನೆಗೆ ವೀಳ್ಯದೆಲೆಯೋ ನುಗ್ಗೆಸೊಪ್ಪೋ ಹಾಕ್ತಾರೆ, ಜೊತೆಗೆ ನಾಲ್ಕು ಕಾಳು ಮೆಂತ್ಯ. ಅವರೂ ಬೆಣ್ಣೆಗೆ ಮೆಂತ್ಯ, ಅರಿಶಿನ, ಬೆಳ್ಳುಳ್ಳಿ, ಶುಂಠಿ, ತಮ್ಮ ಕಡೆಯ ಕೊರರಿಮಾ ಅನ್ನೋ ಏಲಕ್ಕಿ, ಬೆಸೊಬೆಲಾ ಅನ್ನೋ ತುಳಸಿ ಜಾತಿಯ ಎಲೆ ಹಾಕಿ ಸಣ್ಣ ಉರಿಯಲ್ಲಿ ಕಾಯಿಸಿ ಸೋಸ್ತಾರೆ. ಆಮೇಲೆ ಬರ್ಬೆರೆ. ಒಣಮೆಣಸಿನಕಾಯಿ, ಬೆಳ್ಳುಳ್ಳಿ, ಶುಂಠಿ, ಕೊರರಿಮಾ, ಮೆಂತ್ಯ, ಓಮ ಇವೆಲ್ಲ ಸೇರಿದ ಪುಡಿ. ಮನೆಗಳಲ್ಲಿ ಹೆಂಗಸರು ಕೂಡಿ ತಿಂಗಳುಗಟ್ಟಲೆ ಸಾಲುವಷ್ಟು ಮಾಡಿಡ್ತಾರೆ, ನಮ್ಮಲ್ಲಿ ಬೇಸಿಗೆಗೆ ಖಾರದಪುಡಿ, ಸಾಂಬಾರಪುಡಿ ಕುಟ್ಟಿಸಿ ಇಟ್ಟುಕೊಂಡ ಹಾಗೆ. ಪ್ಯಾಪ್ರಿಕಾ ಮತ್ತು ಚಕ್ಕೆಪುಡಿ ಬೆರೆಸಿ ‘ಬರ್ಬೆರೆಗೆ ಬದಲಿ’ ಅನ್ನೋದು ಅಮೆರಿಕನ್ ಕಪಾಟಿನ ಬಡತನ. ಮೆಂತ್ಯ, ಓಮ ನಮ್ಮ ಮನೆಯ ಡಬ್ಬಿಯಲ್ಲೇ ಇರುತ್ತವೆ. ಎರಡು ಪಾಲು ಬ್ಯಾಡಗಿ ಬಣ್ಣಕ್ಕೆ, ಒಂದು ಪಾಲು ಗುಂಟೂರು ಖಾರಕ್ಕೆ. ಕೊರರಿಮಾ ಸಿಗದಿದ್ದರೆ ನಮ್ಮ ಏಲಕ್ಕಿಯೇ ಇರಲಿ. ಪರಿಮಳ ಬೇರೆಯಾಗುತ್ತೆ, ಆದರೂ ಅಡುಗೆ ಕೆಡೋದಿಲ್ಲ. ಬರ್ಬೆರೆ ಹಾಕಿದ ಮೇಲೂ ಹದಿನೈದು ಇಪ್ಪತ್ತು ನಿಮಿಷ ಆಗಾಗ ನೀರು ಚಿಮುಕಿಸಿ ಬೇಯಿಸಬೇಕು, ಹಸಿ ಖಾರದ ವಾಸನೆ ಹೋಗುವ ತನಕ. ಆಮೇಲೆ ಮಾಂಸ, ಉಪ್ಪು, ಬಿಸಿನೀರು, ಒಂದೂವರೆಯಿಂದ ಎರಡು ಗಂಟೆ. ಇಳಿಸುವ ಮುಂಚೆ ಇನ್ನೊಂದು ಚಮಚ ಮಸಾಲೆ ತುಪ್ಪ.

ಇಷ್ಟು ಹೇಳಿದ್ದಕ್ಕೆ ‘ಸಾಂಪ್ರದಾಯಿಕ’ ಅಂತ ಪಟ್ಟು ಹಿಡಿಯೋ ಗುಂಪಿಗೆ ನನ್ನನ್ನ ಸೇರಿಸಬೇಡಿ. ಮಿಕ್ಸಿಯಲ್ಲಿ ಈರುಳ್ಳಿ ತರಿತರಿಯಾಗಿ ತಿರುವಿದರೆ ತಪ್ಪಿಲ್ಲ, ಇಲ್ಲಿನ ಇಥಿಯೋಪಿಯನ್ ಮನೆಗಳಲ್ಲೂ ಮಷೀನಿಗೆ ಹಾಕ್ತಾರೆ. ತುಪ್ಪದ ಬದಲು ಎಣ್ಣೆ? ಅಲ್ಲಿನ ಆರ್ಥಡಾಕ್ಸ್ ಕ್ರಿಶ್ಚಿಯನ್ನರು ಬುಧವಾರ, ಶುಕ್ರವಾರ ಮತ್ತು ಈಸ್ಟರ್‌ಗೆ ಮುಂಚಿನ 55 ದಿನ ಮಾಂಸ, ಹಾಲು, ಬೆಣ್ಣೆ ಏನೂ ಮುಟ್ಟೋದಿಲ್ಲ. ಆ ದಿನಗಳ ಮಿಸಿರ್ ವೊಟ್ ಎಣ್ಣೆಯಲ್ಲೇ ಆಗೋದು. ಪ್ರೆಷರ್ ಕುಕ್ಕರ್? ಮಾಂಸಕ್ಕೆ ಸರಿ, ಈರುಳ್ಳಿಗೆ ಬೇಡ. ಗಟ್ಟಿ ಮಾಂಸದ ನಾರು ಮೆತ್ತಗಾಗೋಕೆ ಶಾಖ ಬೇಕು, ಕುಕ್ಕರ್ ಅದನ್ನ ಬೇಗ ಕೊಡುತ್ತೆ. ಈರುಳ್ಳಿಗೆ ನೀರು ಹೊರಗೆ ಹೋಗಬೇಕು, ಕುಕ್ಕರ್ ಅದನ್ನ ಒಳಗೇ ಕೂಡಿಹಾಕುತ್ತೆ. ಕೋಡ್ ಬರೆಯೋರಿಗೆ ಈ ಲೆಕ್ಕ ಸುಲಭವಾಗಿ ಹೊಳೆಯುತ್ತೆ. ಯಾವ ಭಾಗ ಬದಲಿಸಿದರೆ ಸಿಸ್ಟಮ್ ನಡೆಯುತ್ತೆ, ಯಾವುದನ್ನ ತೆಗೆದರೆ ಹೆಸರು ಮಾತ್ರ ಉಳಿಯುತ್ತೆ ಅನ್ನೋದು ದಿನಾ ನೋಡೋ ವಿಷಯವೇ. ಪದಾರ್ಥಕ್ಕೆ ಬದಲಿ ಇದೆ. ಹೊತ್ತಿಗೆ ಬದಲಿ ಇಲ್ಲ. ‘ಸ್ಟೈಲ್’ ರೆಸಿಪಿಗಳು ಇದನ್ನ ಸರಿಯಾಗಿ ಉಲ್ಟಾ ಮಾಡ್ತವೆ. ಸಿಗದ ಪದಾರ್ಥಕ್ಕೆ ಕ್ಷಮೆ ಕೇಳ್ತವೆ, ಕದ್ದ ಮುಕ್ಕಾಲು ಗಂಟೆ ಬಗ್ಗೆ ತುಟಿಪಿಟಿಕ್ ಅನ್ನೋದಿಲ್ಲ.

ಆ ಮುಕ್ಕಾಲು ಗಂಟೆ ಯಾರದ್ದು ಅಂತಲೂ ನೋಡಬೇಕು. ಒಲೆ ಮುಂದೆ ನಿಂತು ಸೌಟು ತಿರುವಿದ ಹೆಂಗಸಿನದ್ದು. ಅದನ್ನ ತೆಗೆದು ‘ಇಥಿಯೋಪಿಯಾ’ ಅನ್ನೋ ಹೆಸರು ಮಾತ್ರ ಇಟ್ಟುಕೊಳ್ಳೋದು ನನಗೆ ಕಸಿವಿಸಿ ಆಗೋ ಜಾಗ. ಏಕೆಂದರೆ ಆ ದೇಶದ ಹೆಸರು ನಮ್ಮ ಕಿವಿಗೆ ಬಿದ್ದದ್ದೇ 1984ರ ಬರಗಾಲದಿಂದ. ನಮ್ಮ ಸ್ಕೂಲಲ್ಲಿ ಸಣಕಲ ಹುಡುಗರಿಗೆ ಅದೇ ಅಡ್ಡಹೆಸರು. ಅನ್ನಕ್ಕಿಲ್ಲದವರು ಅಂತ ನಾವು ತಿಳಿದಿದ್ದ ಜನಕ್ಕೆ ಇಷ್ಟು ತಾಳ್ಮೆಯ, ಇಷ್ಟು ಲೆಕ್ಕಾಚಾರದ ಅಡುಗೆ ಪದ್ಧತಿ ಇದೆ ಅನ್ನೋದನ್ನ ಒಂದು ರೆಸಿಪಿ ತಿಳಿಸಬಹುದಿತ್ತು. ಅದರ ಬದಲು ‘ಎಕ್ಸಾಟಿಕ್ ಖಾರ’ ಅಂತ ಮಾರ್ತವೆ.

ಇನ್ನು ಮಾಂಸದ ವಿಷಯ. ಕನ್ನಡದಲ್ಲಿ ‘ಬೀಫ್’ ಅಂತ ಬರೆದರೆ ಅದು ವರ್ಲ್ಡ್ ಫುಡ್. ‘ದನದ ಮಾಂಸ’ ಅಂತ ಬರೆದ ತಕ್ಷಣ ಓದುಗರ ಮುಖ ಬಿಗಿಯುತ್ತೆ. ಇಥಿಯೋಪಿಯಾದಲ್ಲಿ ಉದ್ದಕ್ಕೆ ಸೀಳಿ, ಉಪ್ಪು ಖಾರ ಹಚ್ಚಿ, ಹಗ್ಗಕ್ಕೆ ನೇತುಹಾಕಿ ಒಣಗಿಸಿದ ಮಾಂಸಕ್ಕೆ ಕ್ವಾಂಟಾ ಅಂತಾರೆ. ನಮ್ಮೂರ ಕೇರಿಯ ಮನೆಗಳ ಮುಂದೆಯೂ ಹಾಗೇ ಸೀಳಿ ಒಣಗಿಸಿ ಇಡ್ತಿದ್ರು. ಹಬ್ಬಕ್ಕೆ ನಾಲ್ಕಾರು ಮನೆ ಸೇರಿ ಎತ್ತು ಕೊಂಡು ಸಮಪಾಲು ಹಂಚಿಕೊಳ್ಳೋದನ್ನ ಅಲ್ಲಿ ಕಿರ್ಚಾ ಅಂತಾರೆ. ಕುರಿಯೋ ಮೇಕೆಯೋ ಕೂಯ್ದು ಪಾಲು ಹಾಕುವ ಗುಡ್ಡೆಬಾಡು ಮಂಡ್ಯ, ಹಾಸನದ ಕಡೆಯವರಿಗೆಲ್ಲ ಗೊತ್ತು. ಕ್ವಾಂಟಾ ಬಗ್ಗೆ ಬಾಯಿ ಚಪ್ಪರಿಸಿ ಬರೆಯೋರು ಕೇರಿಯ ಒಣಮಾಂಸದ ಬಗ್ಗೆ ಒಂದು ಸಾಲು ಬರೆದದ್ದನ್ನ ನಾನು ನೋಡಿಲ್ಲ. ಅದಕ್ಕೆ ಯಾರೂ ‘ಸ್ಟೈಲ್’ ಸೇರಿಸಲಿಲ್ಲ. ಕರ್ನಾಟಕದಲ್ಲಿ 2020ರ ಕಾಯ್ದೆ ಬಂದ ಮೇಲೆ ಹಸು, ಎತ್ತು ಯಾವ ವಯಸ್ಸಿನದನ್ನೂ ಕಡಿಯುವ ಹಾಗಿಲ್ಲ. 13 ವರ್ಷ ದಾಟಿದ ಎಮ್ಮೆ ಕೋಣಕ್ಕೆ ಮಾತ್ರ, ಅದೂ ಪ್ರಮಾಣಪತ್ರ ಇದ್ದರೆ. ಇದನ್ನ ಹೇಳದೆ ಬೆಂಗಳೂರಿನ ಓದುಗರಿಗೆ ‘ಅರ್ಧ ಕಿಲೊ ಬೀಫ್ ತೊಗೊಳ್ಳಿ’ ಅಂತ ಬರೆಯೋದು ರೆಸಿಪಿಯ ಸೋಮಾರಿತನ. ವಯಸ್ಸಾದ ಕೋಣದ ಮಾಂಸ ಗಟ್ಟಿ, ಬೇಯೋಕೆ ಇನ್ನೂ ಹೊತ್ತು ಬೇಕು. ಅಲ್ಲಂತೂ 30 ನಿಮಿಷದ ಮಾತೇ ಇಲ್ಲ.

ಕೊನೆಗೆ ತಟ್ಟೆ. ವೊಟ್ ಇರೋದು ಇಂಜೆರಾ ಮೇಲೆ ಸುರಿದು ತಿನ್ನೋಕೆ. ಟೆಫ್ ಅನ್ನೋ ಸಾಸಿವೆಗಿಂತ ಸಣ್ಣ ಧಾನ್ಯದ ಹಿಟ್ಟನ್ನ ಎರಡು ಮೂರು ದಿನ ಹುಳಿ ಬರಿಸಿ, ಒಂದೇ ಮಗ್ಗುಲು ಬೇಯಿಸಿದ ಅಗಲದ ರೊಟ್ಟಿ ಅದು. ‘ಆಫ್ರಿಕಾದ ದೋಸೆ’ ಅಂತ ಬರೆದು ಕೈತೊಳ್ಕೊಳ್ತಾರೆ. ದೋಸೆ ಗರಿಗರಿ ಆಗಬೇಕು, ಇಂಜೆರಾ ಸಾರು ಹೀರಬೇಕು. ಆ ಹುಳಿ ಇಲ್ಲದಿದ್ದರೆ ವೊಟ್‌ನ ಜಿಡ್ಡು, ಖಾರ ಬಾಯಲ್ಲೇ ಕೂತುಬಿಡುತ್ತೆ. ಟೆಫ್ ಸಿಗಲಿಲ್ಲ ಅಂದರೆ ಅನ್ನಕ್ಕೆ ಹೋಗೋ ಮುಂಚೆ ರಾಗಿ ನೆನಪಿಸಿಕೊಳ್ಳಿ. ರಾಗಿ ಮೊದಲು ಬೆಳೆದದ್ದು ಪೂರ್ವ ಆಫ್ರಿಕಾದ ಎತ್ತರದ ನಾಡಿನಲ್ಲೇ, ಅಲ್ಲಿಂದ ನಮ್ಮಲ್ಲಿಗೆ ಬಂತು. ಇಥಿಯೋಪಿಯಾದಲ್ಲಿ ಅದಕ್ಕೆ ದಗುಸಾ ಅಂತಾರೆ, ಕೆಲವು ಕಡೆ ಅದರಲ್ಲೂ ಇಂಜೆರಾ ಮಾಡ್ತಾರೆ. ಉದ್ದು ಹಾಕದೆ, ಬರೀ ರಾಗಿಹಿಟ್ಟನ್ನ ಎರಡು ದಿನ ಹುಳಿ ಬರಿಸಿ, ಕಾವಲಿ ಮೇಲೆ ದಪ್ಪಕ್ಕೆ ಹೊಯ್ದು, ಮುಚ್ಚಿಟ್ಟು ಬೇಯಿಸಿದರೆ ಇಂಜೆರಾಗೆ ಅನ್ನಕ್ಕಿಂತ ಎಷ್ಟೋ ಹತ್ತಿರ.

ರೆಸಿಪಿ ಒಳ್ಳೆಯದೋ ಕೆಟ್ಟದ್ದೋ ಅಂತ ತಿಳಿಯೋಕೆ ಪೂರ್ತಿ ಓದಬೇಕಾಗಿಲ್ಲ. ಮಸಾಲೆ ಪಟ್ಟಿ ಬಿಡಿ, ಫೋಟೊ ಬಿಡಿ. ಈರುಳ್ಳಿಗೆ ಎಷ್ಟು ನಿಮಿಷ ಕೊಟ್ಟಿದ್ದಾರೆ ಅಂತ ಹುಡುಕಿ. ಐದು ಅಂತಿದ್ದರೆ ಪುಟ ತಿರುಗಿಸಿ. ನಲವತ್ತೈದು ಅಂತಿದ್ದರೆ ಭಾನುವಾರ ಬೆಳಿಗ್ಗೆ ಒಂದು ಕಿಲೊ ಈರುಳ್ಳಿ ತಂದು ಹೆಚ್ಚೋಕೆ ಕೂತ್ಕೊಳ್ಳಿ. ಮನೆಯಲ್ಲಿ ಇನ್ನೊಬ್ಬರಿದ್ದರೆ ಸೌಟು ಅವರ ಕೈಗೂ ಕೊಡಿ.